ಆಸಿಯಾ ದಾಗರ್ ಬೆನ್ನಿಗೆ ಯಾರಿದ್ದರು?

ಪ್ರಶ್ನೆಯೇ ತಲೆಕೆಳಗು. ಈಜಿಪ್ಟಿನ ಹಳೆಯ ಸಿನಿಮಾದ ಮಾತು ಬಂದು, ಆಸಿಯಾ ದಾಗರ್ ಎಂಬ ನಟಿ ಸ್ವಂತ ಕಂಪನಿ ಕಟ್ಟಿ ಮೂರು ದಶಕಕ್ಕೂ ಹೆಚ್ಚು ಕಾಲ ಚಿತ್ರ ತೆಗೆದರು ಅಂದ ಕೂಡಲೇ ಇದೇ ಕೇಳುತ್ತಾರೆ. ‘ಗಂಡ ನಿರ್ಮಾಪಕನಾ?’ ಅಂತ ಕೆಲವರು. ‘ಯಾರೋ ದುಡ್ಡಿನವರು ಇದ್ದೇ ಇರಬೇಕಲ್ಲ’ ಅಂತ ತೀರ್ಪು ಕೊಟ್ಟ ಮೇಲೆ ಪ್ರಶ್ನೆ ಹಾಕುವವರು ಇನ್ನು ಕೆಲವರು. ಯಾವ ನಾಯಕನಟನ ಬಗ್ಗೆಯೂ ಹೀಗೆ ಕೇಳಿದ್ದನ್ನು ನಾನು ಕಾಣೆ. ಆಸಿಯಾ ಯಾರ ಬೆನ್ನಿಗೆ ನಿಂತಿದ್ದರು ಅಂತ ಕೇಳಿ, ಹೇಳುವುದಕ್ಕೆ ಬೇಕಾದಷ್ಟಿದೆ.

ಅವರು ಲೆಬನಾನಿನ ತನ್ನೂರಿನ್ ಎಂಬ ಊರಿನವರು. ಕೈರೋಗೆ ಬಂದು 1927ರ ‘ಲೈಲಾ’ದಲ್ಲಿ ಸಣ್ಣದೊಂದು ಪಾತ್ರ ಮಾಡಿದರು. ಆ ಚಿತ್ರದ ಒಡತಿಯೂ ನಾಯಕಿಯೂ ಅಜೀಜಾ ಅಮೀರ್. ಮೊದಲು ಕೆಲಸ ಹಿಡಿದಿದ್ದ ನಿರ್ದೇಶಕ ವಿದಾದ್ ಓರ್ಫಿ ಜೊತೆ ಜಗಳವಾಯಿತು, ಅಜೀಜಾ ಸ್ಟೀಫನ್ ರೋಸ್ತಿಯನ್ನು ಕರೆಸಿ ಚಿತ್ರ ಮುಗಿಸಿದರು. ನಿರ್ದೇಶಕನನ್ನೇ ಬದಲಿಸುವ ಅಧಿಕಾರ ನಟಿಯ ಕೈಯಲ್ಲಿತ್ತು. ಎರಡೇ ವರ್ಷಕ್ಕೆ, 1929ರಲ್ಲಿ, ಆಸಿಯಾ ತಮ್ಮ ಲೋಟಸ್ ಫಿಲ್ಮ್‌ನಿಂದ ‘ಘಾದತ್ ಅಲ್-ಸಹ್ರಾ’ ತೆಗೆದರು, ನಾಯಕಿಯೂ ತಾವೇ.

ಆಗ ಇದು ಅಪರೂಪವೂ ಅಲ್ಲ. ನಟಿ ಬಹೀಜಾ ಹಾಫಿಜ್ ಕೂಡ ಸ್ವಂತ ಕಂಪನಿ ಮಾಡಿದರು, ಇನ್ನೊಬ್ಬ ನಟಿ ಫಾತಿಮಾ ರುಶ್ದಿ ನಿರ್ದೇಶನಕ್ಕೂ ಇಳಿದರು. ಬ್ಯಾಂಕಿನ ಬಂಡವಾಳದ ಸ್ಟುಡಿಯೋ ಮಿಸ್ರ್ ಬಾಗಿಲು ತೆರೆದದ್ದು 1935ರಲ್ಲಿ. ಅಲ್ಲಿಯವರೆಗೆ ಸಿನಿಮಾವನ್ನು ದೊಡ್ಡ ವ್ಯಾಪಾರ ಅಂತ ಹೆಚ್ಚಿನವರು ಎಣಿಸಿರಲಿಲ್ಲ. ಖಾಲಿ ಬಿದ್ದಿದ್ದ ಹೊಲವನ್ನು ಈ ನಟಿಯರು ಉತ್ತರು.

ಆಸಿಯಾ ಚಿತ್ರ ತೆಗೆಯುತ್ತಿದ್ದ ಕ್ರಮ ಗಮನಿಸಬೇಕು. ಕಥೆ, ನಿರ್ದೇಶನ ಅಹ್ಮದ್ ಗಲಾಲ್‌ದು, ಬೇಕಾದರೆ ನಟನೆಯೂ. ಸಹೋದರಿಯ ಮಗಳು ಮೇರಿ ಕ್ವೀನಿ ಎರಡನೇ ನಾಯಕಿ, ಸಂಕಲನವೂ ಅವರದೇ. ಮೂರು ಜನ ಆರೇಳು ಜನರ ಕೆಲಸ ಮಾಡಿದರೆ ಸಂಬಳದ ಪಟ್ಟಿ ಚಿಕ್ಕದಾಗುತ್ತದೆ, ಒಂದು ಚಿತ್ರ ಸೋತರೂ ಕಂಪನಿ ಮುಳುಗುವುದಿಲ್ಲ. 1935ರ ‘ಶಜರತ್ ಅಲ್-ದುರ್‌’ನಂಥ ಐತಿಹಾಸಿಕ ಚಿತ್ರಕ್ಕೆ ಕೈಹಾಕುವ ಧೈರ್ಯ ಬಂದದ್ದು ಈ ಲೆಕ್ಕದಿಂದ. 13ನೇ ಶತಮಾನದಲ್ಲಿ ಈಜಿಪ್ಟನ್ನು ಆಳಿದ ರಾಣಿಯ ಆ ಪಾತ್ರ ಆಸಿಯಾ ಅವರದು.

ಈ ಏರ್ಪಾಡಿನ ಅಪಾಯವೂ ಅದರೊಳಗೇ ಇತ್ತು. ಗಲಾಲ್, ಮೇರಿ ಮದುವೆಯಾಗಿ ತಮ್ಮದೇ ಸ್ಟುಡಿಯೋ ಕಟ್ಟಿಕೊಂಡು ಹೋದಾಗ ನಿರ್ದೇಶಕ, ಸಂಕಲನಕಾರ್ತಿ, ಎರಡನೇ ನಾಯಕಿ ಎಲ್ಲ ಒಟ್ಟಿಗೇ ಕೈಬಿಟ್ಟ ಹಾಗಾಯಿತು. ಆಸಿಯಾ ಹೊಸ ನಿರ್ದೇಶಕ ಹೆನ್ರಿ ಬರಕಾತ್ ಮೇಲೆ ಹಣ ಹೂಡಿದರು. ಲೆಬನಾನಿನ ಎಳೆಯ ಗಾಯಕಿ ಸಬಾಹ್‌ರನ್ನು ಕರೆತಂದು 1945ರಲ್ಲಿ ತೆರೆಗೆ ಪರಿಚಯಿಸಿದರು. ಹಾಡು ಬಲ್ಲ ನಾಯಕಿಯೇ ಚಿತ್ರ ಮಾರುವ ಕಾಲ ಬಂದಿತ್ತು. ಆಸಿಯಾ ಪಕ್ಕಕ್ಕೆ ಸರಿದು, ದಶಕದ ಕೊನೆಗೆ ನಟನೆ ಬಿಟ್ಟರು, ನಿರ್ಮಾಣ ಬಿಡಲಿಲ್ಲ. ಅವರ ಬದುಕಿನಲ್ಲಿ ನನಗೆ ಅತಿ ದೊಡ್ಡದಾಗಿ ಕಾಣುವ ತೀರ್ಮಾನ ಇದೇ.

1957ರಲ್ಲಿ ಅವರು ತೆಗೆದ ‘ರುದ್ದಾ ಕಲ್ಬಿ’ ಬಣ್ಣದ ಸಿನಿಮಾಸ್ಕೋಪ್, ಅಂದರೆ ವಿಶೇಷ ಲೆನ್ಸಿನಲ್ಲಿ ತೆಗೆದ ಅಗಲ ತೆರೆಯ ಚಿತ್ರ. ಆ ಲೆನ್ಸ್ ಅಗಲದ ಚಿತ್ರವನ್ನು ಅರ್ಧಕ್ಕೆ ಹಿಂಡಿ 35 ಮಿಲಿಮೀಟರ್ ಫಿಲ್ಮಿಗೆ ಇಳಿಸುತ್ತದೆ, ಥಿಯೇಟರಿನ ಇನ್ನೊಂದು ಲೆನ್ಸ್ ಮತ್ತೆ ಹಿಗ್ಗಿಸುತ್ತದೆ. ಆ ಲೆನ್ಸ್ ಇಲ್ಲದ ಥಿಯೇಟರಿನಲ್ಲಿ ಎಲ್ಲರೂ ಕಡ್ಡಿಯಂತೆ ಉದ್ದುದ್ದ. ಮೊದಲ ಕಾಲದ ಲೆನ್ಸುಗಳಲ್ಲಿ ಇನ್ನೊಂದು ತೊಂದರೆ: ಮುಖದ ಹತ್ತಿರ ಫೋಕಸ್ ಮಾಡಿದರೆ ಹಿಂಡುವುದು ಕಡಿಮೆಯಾಗಿ, ತೆರೆಯ ಮೇಲೆ ಕೆನ್ನೆ ಊದಿದ ಹಾಗೆ ಕಾಣುತ್ತಿತ್ತು. ಪ್ರೇಮಕಥೆಗೆ ಮುಖವೇ ಬೇಕು. ಕ್ಯಾಮೆರಾ ಹಿಂದೆ ಸರಿಸಿ, ಇಬ್ಬರನ್ನೂ ಒಂದೇ ಚೌಕಟ್ಟಿನಲ್ಲಿ ಕೂರಿಸುವುದು ಆಗಿನ ಉಪಾಯ. ಇಷ್ಟೆಲ್ಲ ಗೊತ್ತಿದ್ದೂ ಹಣ ಹಾಕುವವರಿಗೆ ಗುಂಡಿಗೆ ಬೇಕು.

ಆಮೇಲೆ ‘ಸಲಾಹುದ್ದೀನ್’. ನಿರ್ದೇಶಿಸಬೇಕಿದ್ದ ಇಜ್ಜುದ್ದೀನ್ ಜುಲ್ಫಿಕಾರ್ ಕಾಯಿಲೆ ಬಿದ್ದರು, ಚಿತ್ರ ಯೂಸುಫ್ ಶಾಹೀನ್ ಕೈಗೆ ಹೋಯಿತು. ಮೂರು ಗಂಟೆಯ ಯುದ್ಧಚಿತ್ರ: ಕುದುರೆ, ಕವಚ, ಕೋಟೆ, ಸಾವಿರಾರು ಜನ. 1963ರಲ್ಲಿ ತೆರೆಕಂಡಾಗ ಅದರ ಖರ್ಚಿನ ಹೊರೆ ಬಿದ್ದದ್ದು ಆಸಿಯಾ ಅವರ ಹೆಗಲಿಗೆ.