ಮದುವೆ ಊಟಕ್ಕೆ ಅಡುಗೆಯವರು ಗೊತ್ತಾದರು

ಶಿರಸಿ, 9 ಫೆಬ್ರುವರಿ 2025, ಭಾನುವಾರ

ತಂಗಿಯ ಮದುವೆ ಅಡುಗೆ ಯಾರಿಗೆ ವಹಿಸೋದು ಅನ್ನುವುದು ಇವತ್ತು ಮಧ್ಯಾಹ್ನ ತೀರ್ಮಾನವಾಯಿತು. ಮದುವೆ ಮೇ ತಿಂಗಳಲ್ಲಿ, ನಮ್ಮ ಮನೆಯಂಗಳದಲ್ಲೇ. ಅಷ್ಟು ಹೊತ್ತಿಗೆ ಅಡಿಕೆ ಒಣಗಿಸುವ ಅಟ್ಟ ಬಿಚ್ಚಿರುತ್ತೇವೆ, ಅಂಗಳ ಖಾಲಿ. ಚಪ್ಪರ ಹಾಕಿ ಮೇಲೆ ತಾಡಪಾಲು ಕಟ್ಟಿದರೆ ಸಂಜೆ ಮಳೆ ಬಂದರೂ ಹೆದರಬೇಕಿಲ್ಲ. ಸುಮಾರು 300 ಜನ ಆಗಬಹುದು ಅಂತ ಅಪ್ಪಯ್ಯನ ಅಂದಾಜು. ಕೊಳೆ ರೋಗ ಬಂದು ನಮ್ಮ ತೋಟದ ಫಸಲು ಈ ಸಲ ಕಡಿಮೆ. ಹಾಗಾಗಿ ಊಟದ ಖರ್ಚು ಕೈ ಮೀರಬಾರದು ಅನ್ನುವುದು ಮೊದಲೇ ಮಾತಾಗಿತ್ತು. ಸಾಲ ಮಾಡಿ ಮದುವೆ ಮಾಡುವುದು ತಂಗಿಗೇ ಇಷ್ಟವಿಲ್ಲ.

ಪೇಟೆಯ ಕೇಟರಿಂಗ್‌ನವರು ಕೊಟ್ಟ ಪಟ್ಟಿ ಇನ್ನೂ ಮೇಜಿನ ಮೇಲಿದೆ. ಎರಡು ಸಿಹಿ, ಎರಡು ಪಲ್ಯ, ಗೋಬಿ ಮಂಚೂರಿ, ಪಲಾವ್, ಫ್ರೂಟ್ ಸಲಾಡ್, ಐಸ್‌ಕ್ರೀಮ್. ಎಲೆ ಲೆಕ್ಕದ ದರ. ನಾವು ಹೇಳಿದಷ್ಟು ಎಲೆಗೆ ದುಡ್ಡು ಕೊಡಲೇಬೇಕು, ಜನ ಕಡಿಮೆ ಬಂದರೂ ಅಷ್ಟೇ. ಬಿಲ್ಲಿನ ಮೇಲೆ 5% ಜಿಎಸ್‌ಟಿ ಬೇರೆ. ಅವರದು ತಪ್ಪು ಅಂತಲ್ಲ. ಪಾತ್ರೆ, ಜನ, ಸಾಮಾನು ಎಲ್ಲ ಅವರದೇ ಆದಾಗ ಹಾಗೇ ಲೆಕ್ಕ ಹಾಕಬೇಕು. ಮನೆಯಲ್ಲಿ ಏನೂ ಬೆಳೆಯದವರಿಗೆ, ಓಡಾಡಲು ಜನ ಇಲ್ಲದವರಿಗೆ ಅದೇ ಅನುಕೂಲ. ಆದರೆ ನಮ್ಮಲ್ಲಿ ತೆಂಗಿನಕಾಯಿ ಇದೆ, ಬಾಳೆ ಎಲೆ ಇದೆ, ಮೇ ಹೊತ್ತಿಗೆ ಹಲಸಿನಕಾಯಿ, ಮಾವಿನಕಾಯಿ ಬೇಕಾದಷ್ಟು. ಇದನ್ನೆಲ್ಲ ಮರದಲ್ಲಿ ಬಿಟ್ಟು ಅದೇ ಕಾಯಿಗೆ ಎಲೆ ಲೆಕ್ಕದಲ್ಲಿ ದುಡ್ಡು ಕೊಡುವುದು ಯಾಕೆ?

ಅದಕ್ಕೇ ಕೂಲಿ ಲೆಕ್ಕದ ಅಡುಗೆ ಅಂತ ನಾನು ಹಟ ಹಿಡಿದೆ. ಅಡುಗೆ ಭಟ್ಟರು ಸಾಮಾನಿನ ಪಟ್ಟಿ ಕೊಡುತ್ತಾರೆ, ತರುವುದು ನಾವು. ಅವರಿಗೂ ಅವರ ಸಹಾಯಕರಿಗೂ ಕೂಲಿ. ಪಾತ್ರೆ ಬಾಡಿಗೆಗೆ ಸಿಗುತ್ತದೆ. ಈ ರೀತಿಯಲ್ಲಿ ಉಳಿಯುವ ದುಡ್ಡು ಸಣ್ಣದಲ್ಲ. ಆದರೆ ಉಗ್ರಾಣಕ್ಕೆ ಒಬ್ಬರು ಗಟ್ಟಿಯವರು ಬೇಕು. ಬೀಗದ ಕೈ ಅವರ ಹತ್ತಿರವೇ ಇರಬೇಕು, ಯಾವುದು ಎಷ್ಟು ಹೋಯಿತು ಅಂತ ಬರೆದಿಡಬೇಕು. ದೊಡ್ಡಪ್ಪನ ಮಗ ಒಪ್ಪಿದ್ದಾನೆ. ಅವನು ಒಪ್ಪದಿದ್ದರೆ ನಾನು ಎಲೆ ಲೆಕ್ಕಕ್ಕೇ ಹೂಂ ಅಂದುಬಿಡುತ್ತಿದ್ದೆ.

ಇವತ್ತು ಬಂದ ಭಟ್ಟರನ್ನು ಹೋದ ವರ್ಷ ನೆಂಟರ ಮನೆ ಉಪನಯನದಲ್ಲಿ ನೋಡಿದ್ದೆ. ಅಲ್ಲಿ ಅವರು ಸಾರಿನ ಕೊಳದಪ್ಪಲೆ (ದೊಡ್ಡ ಪಾತ್ರೆ) ಪಕ್ಕ ನಿಂತು, ಬಡಿಸುವ ಹುಡುಗರು ಬಕೆಟ್ ಹಿಡಿದು ಬಂದಾಗಲೆಲ್ಲ ಸೌಟನ್ನು ತಳದವರೆಗೆ ಇಳಿಸಿ ಕಲಕಿ ತುಂಬಿಕೊಡುತ್ತಿದ್ದರು. ಕಲಕದೆ ಮೇಲಿಂದ ಮೇಲೆ ತೆಗೆದರೆ ಮೊದಲ ಪಂಕ್ತಿಗೆ ತಿಳಿನೀರು, ಕಡೆಯ ಪಂಕ್ತಿಗೆ ಬೇಳೆ ಗಸಿ. ನಾನು ಆವತ್ತು ಕೂತಿದ್ದು ಕಡೆಯ ಪಂಕ್ತಿಗೆ. ಸಾರು ಬಿಸಿಯಾಗಿ, ಹದವಾಗಿ ಇತ್ತು. ಇವರೇ ಬೇಕು ಅಂತ ಅನಿಸಿದ್ದು ಆಗಲೇ.

ಮನೆಗೆ ಬಂದವರು ಮೊದಲು ಕೇಳಿದ್ದು ಅಡುಗೆ ವಿಷಯವೇ ಅಲ್ಲ. "ಬಾವಿಲಿ ಮೇ ತಿಂಗಳಲ್ಲಿ ನೀರು ಎಷ್ಟಿರ್ತು?" ಅಂದರು. ಅಪ್ಪಯ್ಯ ಬಾವಿ ತೋರಿಸಿದ. ಹಿಂದಿನ ದಿನವೇ ದೊಡ್ಡ ಟ್ಯಾಂಕ್ ತುಂಬಿಸಿಡಬೇಕು, ಅಕ್ಕಿ ತೊಳೆಯೋಕೆ ಒಂದು ಕಡೆ, ಪಾತ್ರೆ ತೊಳೆಯೋಕೆ ಇನ್ನೊಂದು ಕಡೆ ನಲ್ಲಿ ಬೇಕು ಅಂದರು. ಆಮೇಲೆ ಹಿತ್ತಲಲ್ಲಿ ಒಲೆ ಎಲ್ಲಿ ಹೂಡೋದು, ಅಲ್ಲಿಂದ ಪಂಕ್ತಿಗೆ ಎಷ್ಟು ದೂರ ಅಂತ ನಡೆದು ನೋಡಿದರು. ಬಾಗಿಲಲ್ಲಿ ಮೆಟ್ಟಿಲಿದೆ, ಬಿಸಿ ಅನ್ನದ ಬುಟ್ಟಿ ಹಿಡಿದವರು ಎಡವುತ್ತಾರೆ, ಪಕ್ಕದ ದಣಪೆ (ಬೇಲಿಗೆ ಅಡ್ಡ ಹಾಕಿದ ಗಳು) ತೆಗೆದು ದಾರಿ ಮಾಡಿ ಅಂತ ಹೇಳಿದರು. ಪೇಟೆಯವರು ಯಾರೂ ಇದನ್ನು ಕೇಳಿರಲಿಲ್ಲ.

ಜಗುಲಿಯಲ್ಲಿ ಕೂತು ಎಲೆಯಡಿಕೆ ಕವಳ ಹಾಕಿಕೊಂಡ ಮೇಲೆ ನಾನು ಬರೆದಿಟ್ಟ ಪಟ್ಟಿ ಕೊಟ್ಟೆ. ಪೆನ್ನು ತೆಗೆದು ಹೊಡೆದುಹಾಕುತ್ತಾ ಹೋದರು. ಕೇಸರಿಬಾತ್ ಹೋಯಿತು. "ಹೋಳಿಗೆ ಇದ್ದ ಮೇಲೆ ಮತ್ತೊಂದು ಸಿಹಿ ಎಂತಕ್ಕೆ ತಂಗಿ?" ಅಂತ ನನ್ನನ್ನೇ ಕೇಳಿದರು. ಪಲಾವ್ ಹೋಯಿತು, ಎರಡನೇ ಪಲ್ಯ ಹೋಯಿತು. ಉಳಿದದ್ದು ಕೋಸಂಬರಿ, ಸೌತೆಕಾಯಿ ಹಸಿ (ಮೊಸರುಬಜ್ಜಿ), ಬಾಳೆಕಾಯಿ ಪಲ್ಯ, ಅನ್ನ, ಸಾರು, ಹಲಸಿನಕಾಯಿ ಹುಳಿ, ಹೋಳಿಗೆ ತುಪ್ಪ, ಹಪ್ಪಳ, ಮಿಡಿ ಉಪ್ಪಿನಕಾಯಿ, ಮಜ್ಜಿಗೆ. ಜೊತೆಗೆ ಅಪ್ಪೆಹುಳಿ, ಅದು ಅವರೇ ಸೇರಿಸಿದ್ದು. ಮಾವಿನಕಾಯಿ ಬೇಯಿಸಿ ಕಿವುಚಿ, ಧಾರಾಳ ನೀರು ಬಿಟ್ಟು, ಉಪ್ಪು ಹಾಕಿ, ಸಾಸಿವೆ ಮೆಣಸಿನ ಒಗ್ಗರಣೆ ಕೊಟ್ಟರೆ ಆಯಿತು. ಖರ್ಚು ಅಂದರೆ ಎಣ್ಣೆ ಮತ್ತು ಉಪ್ಪು. ಸೆಖೆಯಲ್ಲಿ ಬಂದವರು ಎರಡೆರಡು ಲೋಟ ಕೇಳಿ ಕುಡಿಯುವುದು ಇದನ್ನೇ, ಐಸ್‌ಕ್ರೀಮನ್ನಲ್ಲ.

ಹೋಳಿಗೆಗೆ ಮಾತ್ರ ಇಬ್ಬರು ಜಾಸ್ತಿ ಬೇಕು, ಕೂಲಿ ಏರುತ್ತದೆ. ಪಾಯಸ ಮಾಡಿದರೆ ಉಳಿಯುತ್ತಿತ್ತು. ಆಯಿ (ಅಮ್ಮ) ಅದಕ್ಕೆ ಒಪ್ಪಲಿಲ್ಲ, ನನಗೂ ಹೋಳಿಗೆಯೇ ಸರಿ ಅನಿಸಿತು. ಎಲ್ಲದರಲ್ಲೂ ಕಡಿತ ಮಾಡಿದರೆ ಮದುವೆ ಊಟ ಅನ್ನಿಸುವುದಿಲ್ಲ. ಒಂದು ಬಗೆ ಮನಸ್ಸಿಟ್ಟು ಮಾಡಿಸಬೇಕು, ಅಲ್ವಾ?

ಬಡಿಸುವವರ ವಿಷಯದಲ್ಲೂ ಭಟ್ಟರು ಬಿಗಿ. ಊರ ಹುಡುಗರು ಬಡಿಸುತ್ತಾರೆ, ಬೇರೆ ಜನ ಬೇಡ ಅಂತ ಅಪ್ಪಯ್ಯ ಹೇಳಿ ನೋಡಿದ. ಹುಡುಗರು ಮೊದಲ ಪಂಕ್ತಿಗೆ ಉತ್ಸಾಹದಲ್ಲಿ ಇರುತ್ತಾರೆ, ಮೂರನೇ ಪಂಕ್ತಿ ಹೊತ್ತಿಗೆ ಫೋಟೋಕ್ಕೆ ಹೋಗಿರುತ್ತಾರೆ ಅಂತ ಭಟ್ಟರು. "ಮೂರನೇ ಪಂಕ್ತಿಗೂ ಅನ್ನ ಬಿಸಿ ಇರವು (ಇರಬೇಕು)." ಕಡೆಗೆ ನಾಲ್ಕು ಜನ ಅವರ ಕಡೆಯವರು, ಉಳಿದವರು ನಮ್ಮವರು ಅಂತ ಆಯಿತು. ಈ ಖರ್ಚಿಗೆ ನನ್ನ ಪೂರ್ತಿ ಒಪ್ಪಿಗೆ. ಇತ್ತೀಚೆಗೆ ಒಂದು ಮದುವೆಯಲ್ಲಿ ಇಪ್ಪತ್ತು ಬಗೆ ಇತ್ತು, ಅನ್ನ ತಣ್ಣಗಾಗಿತ್ತು. ವಯಸ್ಸಾದ ಅಜ್ಜಿಯೊಬ್ಬರು ಸಾರು ಬರುತ್ತದೆ ಅಂತ ಎಲೆ ಮುಂದೆ ಕಾದೇ ಕೂತಿದ್ದರು. ಅದನ್ನು ನೋಡಿ ನನಗೆ ತುಂಬ ಬೇಜಾರಾಗಿತ್ತು.

ಬಫೆ ಬೇಡ ಅಂದಿದ್ದೂ ಅದಕ್ಕೇ. ಮಧ್ಯಾಹ್ನ ಎಲ್ಲರೂ ಕೂತು ಉಣ್ಣಲಿ. ಸಂಜೆಗೆ ತಂಗಿಯ ಸ್ನೇಹಿತರು, ಅಕ್ಕಪಕ್ಕದವರು ಅಷ್ಟೇ. ಅವರಿಗೆ ಅಲ್ಲೇ ಹುಯ್ದ ತೆಳ್ಳೇವು (ತೆಳು ದೋಸೆ), ಕಾಯಿ ಚಟ್ನಿ, ಜೋನಿ ಬೆಲ್ಲ (ನೀರು ಬೆಲ್ಲ). ಅಡಿಕೆ ಹಾಳೆ ತಟ್ಟೆಯಲ್ಲಿ ಹಾಕಿಕೊಟ್ಟರೆ ಅಂಗಳದಲ್ಲಿ ಓಡಾಡುತ್ತಾ ತಿನ್ನುತ್ತಾರೆ. ಬಂದ ಕೂಡಲೇ ಕುಡಿಯೋಕೆ ಮುರುಗಲು (ಕೋಕಂ) ಪಾನಕ.

ಅಕ್ಕಿ 100 ಜನಕ್ಕೆ 10ರಿಂದ 12 ಕೆ.ಜಿ. ಅಂತ ಭಟ್ಟರ ಲೆಕ್ಕ. ಗ್ಯಾಸ್ 19 ಕೆ.ಜಿ. ಸಿಲಿಂಡರೇ ತರಬೇಕು, ಮನೆಯದು ಬೇಡ ಅಂದಿದ್ದಾರೆ. ಅನ್ನಕ್ಕೆ ಮಾತ್ರ ಕಟ್ಟಿಗೆ ಒಲೆ. ಪೂರ್ತಿ ಪಟ್ಟಿ ಬರೆದು ಕಳಿಸುತ್ತಾರೆ. ನಾಳೆ ಅಪ್ಪಯ್ಯ ಮುಂಗಡ ಕೊಟ್ಟು ಬರುತ್ತಾನೆ, ನಾನು ಪೇಟೆಯವರಿಗೆ ಫೋನ್ ಮಾಡಿ ಬೇರೆಯವರು ಗೊತ್ತಾದರು ಅಂತ ಹೇಳಬೇಕು. ಪಾತ್ರೆ ಬಾಡಿಗೆಯವರನ್ನು ಈ ವಾರದಲ್ಲೇ ಹಿಡಿಯಬೇಕು, ಮೇ ತಿಂಗಳಲ್ಲಿ ಎಲ್ಲರ ಮನೆಯಲ್ಲೂ ಮದುವೆ.