ಹತ್ತು ತಾಸಿನ ಶೂಟಿಂಗ್: ನಟಿ ಸಾರಾ ಪಾಲಿ ನಿರ್ದೇಶಕಿಯಾದ ಬಗೆ

ಹುಬ್ಬಳ್ಳಿ-ಧಾರವಾಡದಲ್ಲಿ ವರ್ಷಗಟ್ಟಲೆ ನಾಟಕದ ಪಾರ್ಟು ಮಾಡಿ, ನಡುವೆ ಬೆಂಗಳೂರಿಗೆ ಹೋಗಿ ಸೀರಿಯಲ್‌ಗಳಲ್ಲೂ ದುಡಿದು ಬಂದ ಎಷ್ಟೋ ಮಂದಿ ಈಗ ಕಿರುಚಿತ್ರಕ್ಕೆ ಕೈಹಾಕುತ್ತಿದ್ದಾರೆ. ಅವರ ಮೊದಲ ಚಿತ್ರ ಹೆಚ್ಚಾಗಿ ಒಂದೇ ಜಾಗದಲ್ಲಿ ಎಡವುತ್ತದೆ. ಅಭಿನಯ ಚೆನ್ನಾಗಿರುತ್ತದೆ, ಆದರೆ ಚಿತ್ರ ಕಟ್ಟಿಕೊಂಡಿರುವುದಿಲ್ಲ. ನಟನೆಯಿಂದ ನಿರ್ದೇಶನಕ್ಕೆ ಹೋಗುವ ದಾರಿ ನಮಗೆ ಹೊಸದಲ್ಲ. ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ (ಕೆಸಿಡಿ) ಓದಿದ ಗಿರೀಶ ಕಾರ್ನಾಡರು ಆ ದಾರಿಯನ್ನು ಐವತ್ತು ವರ್ಷಗಳ ಹಿಂದೆಯೇ ತುಳಿದರು. ಆದರೆ ಒಂದೊಂದು ಮೆಟ್ಟಿಲನ್ನೂ ಬಿಡಿಸಿ ನೋಡುವುದಕ್ಕೆ ಕೆನಡಾದ ಸಾರಾ ಪಾಲಿಯ ವೃತ್ತಿಜೀವನದಷ್ಟು ಒಳ್ಳೆಯ ಪಾಠ ಸಿಗುವುದು ಕಷ್ಟ.

ಪಾಲಿ ಹುಟ್ಟಿದ್ದು 1979ರಲ್ಲಿ, ಟೊರಾಂಟೊದಲ್ಲಿ. ಎಳವೆಯಲ್ಲೇ ಕ್ಯಾಮೆರಾ ಮುಂದೆ ನಿಂತವಳು. 1990ರಿಂದ 1996ರ ತನಕ ಕೆನಡಾದ ಸಿಬಿಸಿ ವಾಹಿನಿಯಲ್ಲಿ ಬಂದ ‘ರೋಡ್ ಟು ಏವನ್ಲೀ’ ಧಾರಾವಾಹಿಯ ಸಾರಾ ಸ್ಟ್ಯಾನ್ಲಿ ಪಾತ್ರದಿಂದ ಮನೆಮಾತಾದಳು. ಅದಕ್ಕೂ ಮೊದಲು, 1988ರಲ್ಲಿ ತೆರೆಕಂಡ ಒಂದು ದೊಡ್ಡ ಬಜೆಟ್ಟಿನ ಸಿನಿಮಾದಲ್ಲಿ ಬಾಲನಟಿಯಾಗಿದ್ದಳು. ಆ ಸೆಟ್ಟಿನಲ್ಲಿ ತನ್ನ ಹತ್ತಿರವೇ ಸ್ಫೋಟಕ ಸಿಡಿಸಿದ್ದು, ತಣ್ಣೀರಿನಲ್ಲಿ ಹೊತ್ತುಗಟ್ಟಲೆ ಇರಬೇಕಾದದ್ದು, ಆ ಹೆದರಿಕೆ ದೊಡ್ಡವಳಾದ ಮೇಲೂ ಬಿಡದೆ ಕಾಡಿದ್ದು ಎಲ್ಲವನ್ನೂ 2022ರ ತನ್ನ ಪ್ರಬಂಧ ಸಂಕಲನದಲ್ಲಿ ಬರೆದಿದ್ದಾಳೆ.

ಮಕ್ಕಳನ್ನು ಆಡಿಷನ್ನಿಗೆ ಕರೆದೊಯ್ಯುವ ತಂದೆ-ತಾಯಿಗಳು, ಮಕ್ಕಳನ್ನು ಹಾಕಿಕೊಂಡು ಚಿತ್ರ ತೆಗೆಯುವವರು ಇಲ್ಲಿ ಒಂದು ಮಾತು ತಿಳಿದಿರಬೇಕು. ನಮ್ಮ ದೇಶದ 2017ರ ಬಾಲಕಾರ್ಮಿಕ ತಿದ್ದುಪಡಿ ನಿಯಮಗಳ ಪ್ರಕಾರ ಮಗುವನ್ನು ದಿನಕ್ಕೆ 5 ತಾಸಿಗಿಂತ ಹೆಚ್ಚು ದುಡಿಸುವಂತಿಲ್ಲ. ವಿರಾಮವಿಲ್ಲದೆ 3 ತಾಸಿಗಿಂತ ಹೆಚ್ಚು ನಿಲ್ಲಿಸುವಂತಿಲ್ಲ. ಸತತ 27 ದಿನಕ್ಕಿಂತ ಹೆಚ್ಚು ಶೂಟಿಂಗ್ ಇಲ್ಲ. ಜಿಲ್ಲಾ ಮ್ಯಾಜಿಸ್ಟ್ರೇಟರ ಅನುಮತಿ ಬೇಕು, ಐದು ಮಕ್ಕಳಿಗೆ ಒಬ್ಬರಾದರೂ ಜವಾಬ್ದಾರಿಯ ವ್ಯಕ್ತಿ ಇರಬೇಕು. ಸಂಭಾವನೆಯಲ್ಲಿ ಕನಿಷ್ಠ ಶೇ. 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿನಲ್ಲಿ ಠೇವಣಿ ಇಡಬೇಕು. ‘ನಮ್ಮ ಹುಡುಗನೇ ಅಲ್ಲವೇ, ಇನ್ನೊಂದು ಟೇಕ್ ಆಗಲಿ’ ಎಂದು ರಾತ್ರಿ ಹತ್ತರ ತನಕ ನಿಲ್ಲಿಸುವುದು ಪ್ರೀತಿಯಲ್ಲ, ಅಪರಾಧ.

ಇನ್ನು ಪಾಲಿಯ ದಾರಿ. 1999ರ ಹೊತ್ತಿಗೆ ಹಾಲಿವುಡ್ ಅವಳನ್ನು ತಾರೆ ಮಾಡಲು ಕಾದಿತ್ತು. ‘ಆಲ್ಮೋಸ್ಟ್ ಫೇಮಸ್’ ಚಿತ್ರದ ಮುಖ್ಯ ಪಾತ್ರ ಕೈಯಲ್ಲಿತ್ತು. ಅದನ್ನು ಬಿಟ್ಟು ಕಡಿಮೆ ಖರ್ಚಿನ ಕೆನಡಾ ಚಿತ್ರವೊಂದಕ್ಕೆ ಹೋದಳು. ಅದೇ ಹೊತ್ತಿನಲ್ಲಿ ಕಿರುಚಿತ್ರ ತೆಗೆಯಲು ಶುರುಮಾಡಿದಳು. ಆಮೇಲೆ ಟೊರಾಂಟೊದ ಕೆನೇಡಿಯನ್ ಫಿಲ್ಮ್ ಸೆಂಟರಿನಲ್ಲಿ ವಿದ್ಯಾರ್ಥಿಯಾಗಿ ಕೂತಳು. ಹತ್ತು ವರ್ಷಕ್ಕೂ ಮಿಕ್ಕಿ ಸೆಟ್ಟಿನಲ್ಲೇ ಬೆಳೆದವಳು ಮತ್ತೆ ಶಾಲೆಗೆ ಹೋದದ್ದು ಯಾಕೆ? ನಟನಿಗೆ ಸೆಟ್ಟಿನಲ್ಲಿ ಕಾಣುವುದು ತನ್ನ ಪಾರ್ಟಿನಷ್ಟೇ ಭಾಗ. ಲೆನ್ಸ್ ಯಾಕೆ ಬದಲಾಯಿತು, ಈ ಶಾಟ್ ಎಡಿಟಿಂಗ್‌ನಲ್ಲಿ ಯಾವುದಕ್ಕೆ ಅಂಟಿಕೊಳ್ಳುತ್ತದೆ ಎನ್ನುವುದು ಕಾಣುವುದಿಲ್ಲ. ಅವಳ ‘ಐ ಶೌಟ್ ಲವ್’ ಎಂಬ 2001ರ ಕಿರುಚಿತ್ರಕ್ಕೆ ಕೆನಡಾದ ಜೀನಿ ಪ್ರಶಸ್ತಿ ಬಂತು. ಅಲ್ಲಿಂದ ಮೊದಲ ಪೂರ್ಣ ಚಿತ್ರಕ್ಕೆ ಮತ್ತೆ ಐದು ವರ್ಷ. ಮೊದಲ ಕಿರುಚಿತ್ರಕ್ಕೆ ಯೂಟ್ಯೂಬಿನಲ್ಲಿ ನಾಲ್ಕು ಮೆಚ್ಚುಗೆ ಬಿದ್ದೊಡನೆ ಎರಡು ತಾಸಿನ ಸಿನಿಮಾಕ್ಕೆ ಸಾಲ ಮಾಡುವವರು ಈ ಐದು ವರ್ಷವನ್ನು ಗಮನಿಸಬೇಕು.

ಆ ಮೊದಲ ಚಿತ್ರ ‘ಅವೇ ಫ್ರಮ್ ಹರ್’ (2006). ಐಸ್‌ಲ್ಯಾಂಡಿನಲ್ಲಿ ಒಂದು ಶೂಟಿಂಗ್ ಮುಗಿಸಿ ವಿಮಾನದಲ್ಲಿ ಬರುವಾಗ ಆಲಿಸ್ ಮನ್ರೋ ಅವರ ಸಣ್ಣಕತೆಯೊಂದನ್ನು ಓದಿದಳು. ಅದೇ ಶೂಟಿಂಗಿನಲ್ಲಿ ಜೊತೆಗಿದ್ದ ನಟಿ ಜೂಲಿ ಕ್ರಿಸ್ಟಿಯ ಮುಖ ಓದುವಾಗಲೇ ಕಣ್ಣಮುಂದೆ ಬಂತು. ಕತೆ ಇಷ್ಟೇ: ಮುಪ್ಪಿನ ದಂಪತಿ, ಹೆಂಡತಿಗೆ ಆಲ್ಝೈಮರ್, ಆರೈಕೆ ಮನೆಗೆ ಸೇರಿಸಿದ ಮೊದಲ 30 ದಿನ ಗಂಡ ನೋಡಲು ಬರುವಂತಿಲ್ಲ. ತಿಂಗಳು ಕಳೆದು ಬಂದರೆ ಅವಳು ಇನ್ನೊಬ್ಬನಿಗೆ ಆತುಕೊಂಡಿದ್ದಾಳೆ. ಎರಡೋ ಮೂರೋ ಮುಖ್ಯ ಪಾತ್ರ, ಕೆಲವೇ ಕೋಣೆ. ಅಭಿನಯ ಬಲ್ಲವಳು ಅಭಿನಯದ ಮೇಲೆಯೇ ನಿಲ್ಲುವ ವಸ್ತುವನ್ನು ಆರಿಸಿಕೊಂಡಳು. ಕ್ರಿಸ್ಟಿಗೆ ನಟನೆಗಾಗಿ, ಪಾಲಿಗೆ ರೂಪಾಂತರಿತ ಚಿತ್ರಕತೆಗಾಗಿ ಆಸ್ಕರ್ ನಾಮನಿರ್ದೇಶನ ಬಂತು.

ಚಿತ್ರಕತೆಯ ಒಂದು ಪುಟ ತೆರೆಯ ಮೇಲೆ ಸುಮಾರು ಒಂದು ನಿಮಿಷ ಎನ್ನುವ ಲೆಕ್ಕವನ್ನು ಎಲ್ಲೆಡೆ ಬಳಸುತ್ತಾರೆ. ಕಾದಂಬರಿಯನ್ನು ಆ ಅಳತೆಗೆ ತರಲು ಮುಕ್ಕಾಲು ಭಾಗ ಕತ್ತರಿಸಬೇಕಾಗುತ್ತದೆ. ಸಣ್ಣಕತೆಯಾದರೆ ಕತ್ತರಿ ಕಡಿಮೆ. ಹದಿನೈದು ನಿಮಿಷದ ಚಿತ್ರಕ್ಕೆ ಕತೆಯಲ್ಲಿನ ಒಂದೇ ಸಂಜೆ ಸಾಕು. ಹೊಸ ತಂಡ ದಿನಕ್ಕೆ ಮೂರು ಪುಟ ಮುಗಿಸಿದರೆ ಅದು ಒಳ್ಳೆಯ ದಿನ.

ಪಾಲಿ ತಾನು ನಿರ್ದೇಶಿಸಿದ ಮೂರು ಕಥಾಚಿತ್ರಗಳಲ್ಲಿ ಒಂದರಲ್ಲೂ ಪಾರ್ಟು ಮಾಡಿಲ್ಲ. ನಮ್ಮ ಕಡೆ ಮೊದಲ ತಪ್ಪು ಇಲ್ಲೇ ಆಗುತ್ತದೆ. ನಾಯಕನೂ ತಾನೇ, ನಿರ್ದೇಶಕನೂ ತಾನೇ ಆದಾಗ ಪ್ರತಿ ಟೇಕ್ ಆದಮೇಲೆ ಓಡಿಬಂದು ಮಾನಿಟರ್ ನೋಡಬೇಕು. ಒಂದು ಶಾಟಿಗೆ ಹತ್ತು ನಿಮಿಷ ಹೋದರೂ ಹದಿನೈದು ಶಾಟಿಗೆ ಎರಡೂವರೆ ತಾಸು ಹೋಯಿತು. ಎರಡನೆಯ ತಪ್ಪು, ನಟರಿಗೆ ಮಾಡಿ ತೋರಿಸುವುದು. ತಾಲೀಮಿನ ಮನೆಯಲ್ಲಿ ಮಾಸ್ತರರು ತೋರಿಸಿ ಕಲಿಸಿದ್ದು ನಿಜ, ರಂಗದ ಮೇಲೆ ಅದು ನಡೆದದ್ದೂ ನಿಜ. ಕ್ಲೋಸಪ್ಪಿನಲ್ಲಿ ಮಾತ್ರ ಎಲ್ಲ ನಟರೂ ನಿರ್ದೇಶಕನ ಹಾಗೆಯೇ ಹುಬ್ಬು ಏರಿಸುವುದು ಕಂಡುಬಿಡುತ್ತದೆ. ಪಾತ್ರಕ್ಕೆ ಈ ಗಳಿಗೆಯಲ್ಲಿ ಏನು ಬೇಕು ಎಂದಷ್ಟೇ ಹೇಳಿ ಬಿಡಬೇಕು.

ಮೂರನೆಯದು ಜಾಗದ ಲೆಕ್ಕ. ಸೃಜನಾ ರಂಗಮಂದಿರದಲ್ಲಿ ಪ್ರೇಕ್ಷಕ ಕೂರುವುದು ಒಂದೇ ಕಡೆ. ಆ ರೂಢಿಯಲ್ಲಿ ಪಾತ್ರಗಳನ್ನು ಸಾಲಾಗಿ ನಿಲ್ಲಿಸಿ, ಕ್ಯಾಮೆರಾವನ್ನು ಮೊದಲ ಸಾಲಿನ ಕುರ್ಚಿಯ ಹಾಗೆ ಇಟ್ಟುಬಿಡುತ್ತಾರೆ. ಪಾಲಿಯ ‘ವಿಮೆನ್ ಟಾಕಿಂಗ್’ (2022) ಈ ವಿಷಯದಲ್ಲಿ ನೋಡಲೇಬೇಕಾದ ಚಿತ್ರ. ಮಿರಿಯಮ್ ಟೇವ್ಸ್ ಕಾದಂಬರಿಯ ಆಧಾರ. ದೌರ್ಜನ್ಯಕ್ಕೆ ಒಳಗಾದ ಒಂದು ಧಾರ್ಮಿಕ ಸಮುದಾಯದ ಹೆಂಗಸರು ಅಟ್ಟದ ಮೇಲೆ, ಹುಲ್ಲಿನ ನಡುವೆ ಕೂತು ಸುಮ್ಮನಿರುವುದೋ, ಇದ್ದು ಹೋರಾಡುವುದೋ, ಊರು ಬಿಡುವುದೋ ಎಂದು ಮಾತಾಡುತ್ತಾರೆ. ಚಿತ್ರದ ಬಹುಭಾಗ ಮಾತೇ. ಆದರೂ ಎಲ್ಲೂ ನಾಟಕವನ್ನು ರೆಕಾರ್ಡ್ ಮಾಡಿದಂತೆ ಅನಿಸುವುದಿಲ್ಲ. 2023ರಲ್ಲಿ ಪಾಲಿಗೆ ರೂಪಾಂತರಿತ ಚಿತ್ರಕತೆಯ ಆಸ್ಕರ್ ತಂದುಕೊಟ್ಟದ್ದು ಇದೇ.

ಇದರ ಕಷ್ಟ ತಿಳಿಯಲು ಒಂದು ಲೆಕ್ಕ ಹಾಕಿ ನೋಡ್ರಿ. ಪಡಸಾಲೆಯಲ್ಲಿ ಎಂಟು ಮಂದಿ ದುಂಡಗೆ ಕೂತಿದ್ದಾರೆ. ಒಬ್ಬೊಬ್ಬರೂ ಉಳಿದ ಏಳು ಮಂದಿಯನ್ನು ನೋಡಬಹುದು, ಅಂದರೆ 56 ನೋಟ. ಇಬ್ಬಿಬ್ಬರ ನಡುವೆ ಒಂದೊಂದು ಗೆರೆ ಎಳೆದರೆ 28 ಗೆರೆ. ಮಾತಾಡುವ ಇಬ್ಬರ ಗೆರೆಯನ್ನು ಕ್ಯಾಮೆರಾ ದಾಟಿದರೆ, ಎದುರುಬದುರು ಕೂತವರು ಒಂದೇ ದಿಕ್ಕಿಗೆ ನೋಡಿದಂತೆ ಕಾಣುತ್ತಾರೆ. ಆದ್ದರಿಂದ ಹಿಂದಿನ ದಿನವೇ ಹಾಳೆಯ ಮೇಲೆ ಎಂಟು ಚುಕ್ಕೆ ಇಟ್ಟು, ಯಾವ ಮಾತು ಯಾರಿಗೆ ಎಂದು ಬಾಣ ಬರೆಯಬೇಕು. ಹೆಚ್ಚು ಬಾಣ ಬಿದ್ದ ಎರಡು ಗೆರೆಗಳನ್ನು ಆರಿಸಿ, ಅವುಗಳ ಒಂದೇ ಬದಿಯಿಂದ ಕ್ಯಾಮೆರಾ ಇಡಬೇಕು. ದಾಟಲೇಬೇಕಾದರೆ ಪಾತ್ರವೊಂದನ್ನು ಎಬ್ಬಿಸಿ ನಡೆಸಿ, ಕ್ಯಾಮೆರಾ ಅದರ ಜೊತೆ ದಾಟಲಿ.

ಆ ಚಿತ್ರಕ್ಕೆ ಪಾಲಿ ಆರಿಸಿದ ಚೌಕಟ್ಟು 2.76:1, ಅಂದರೆ ಎತ್ತರದ 2.76 ಪಟ್ಟು ಅಗಲ. ಅನೇಕ ಮುಖಗಳು ಒಟ್ಟಿಗೆ ಹಿಡಿಸುತ್ತವೆ, ಒಬ್ಬಳ ಮಾತಿಗೆ ಇನ್ನೊಬ್ಬಳ ಮುಖ ಬದಲಾಗುವುದು ಕತ್ತರಿಯಿಲ್ಲದೆ ಕಾಣುತ್ತದೆ. ನಮ್ಮ 1920×1080 ವಿಡಿಯೋದಲ್ಲಿ ಅದೇ ಆಕಾರ ಬೇಕೆಂದರೆ ಎತ್ತರ 696 ಪಿಕ್ಸೆಲ್ ಮಾತ್ರ ಉಳಿಯುತ್ತದೆ, ಮೇಲೆ 192, ಕೆಳಗೆ 192 ಕಪ್ಪು. ಮೊಬೈಲಿನಲ್ಲಿ ನೋಡುವವರಿಗೆ ಅದೊಂದು ಪಟ್ಟಿ. ಇಬ್ಬರ ಕತೆಗೆ ಈ ಚೌಕಟ್ಟು ಬೇಡವೇ ಬೇಡ.

2012ರ ‘ಸ್ಟೋರೀಸ್ ವಿ ಟೆಲ್’ ಸಾಕ್ಷ್ಯಚಿತ್ರದಲ್ಲಿ ಅವಳು ತನ್ನ ಮನೆಯ ಕತೆಯನ್ನೇ ಕೆದಕಿದಳು. ನಿಜವಾದ ಹಳೆಯ ಮನೆ-ಫಿಲ್ಮುಗಳ ಜೊತೆಗೆ, ನಟರನ್ನು ಹಾಕಿ, ಹಳೆಯ ಮನೆ-ಕ್ಯಾಮೆರಾಗಳ ಸೂಪರ್ 8 ಫಿಲ್ಮಿನಲ್ಲಿ ಹೊಸದಾಗಿ ತೆಗೆದ ದೃಶ್ಯಗಳನ್ನು ಬೆರೆಸಿದಳು. ಎಷ್ಟೋ ಮಂದಿಗೆ ಕೊನೆಯ ತನಕ ವ್ಯತ್ಯಾಸ ತಿಳಿಯಲಿಲ್ಲ. ಒಂದು ಸೂಪರ್ 8 ಕಾರ್ಟ್ರಿಜ್‌ನಲ್ಲಿ 50 ಅಡಿ ಫಿಲ್ಮು ಇರುತ್ತದೆ. ಸೆಕೆಂಡಿಗೆ 18 ಬಿಡಿ ಚಿತ್ರಗಳಂತೆ (ಫ್ರೇಮ್) ಓಡಿಸಿದರೆ 3 ನಿಮಿಷ 20 ಸೆಕೆಂಡಿಗೆ ಮುಗಿಯಿತು. ಅದಕ್ಕೇ ಹಳೆಯ ಮನೆ-ಫಿಲ್ಮುಗಳ ತುಣುಕುಗಳು ಅಷ್ಟು ಗಿಡ್ಡ. ಹಳೆಯ ಕಾಲ ತೋರಿಸಲು ಫೋನಿನ ಫಿಲ್ಟರ್ ಹಚ್ಚುವವರು ಬಣ್ಣ ಹಳದಿ ಮಾಡುತ್ತಾರೆ, ಆದರೆ ಶಾಟನ್ನು ಒಂದು ನಿಮಿಷ ಎಳೆಯುತ್ತಾರೆ. ಸುಳ್ಳು ಗೊತ್ತಾಗುವುದು ಬಣ್ಣದಿಂದಲ್ಲ, ಉದ್ದದಿಂದ.

‘ವಿಮೆನ್ ಟಾಕಿಂಗ್’ ಶೂಟಿಂಗನ್ನು ದಿನಕ್ಕೆ ಹತ್ತು ತಾಸಿಗೆ ಕಟ್ಟಿಹಾಕಿದ್ದು, ಮಕ್ಕಳಿದ್ದವರು ಮನೆ ಸೇರಲಿ ಎಂದು. ವಸ್ತು ನೋವಿನದಾದ್ದರಿಂದ ಮನಶ್ಶಾಸ್ತ್ರಜ್ಞೆಯೊಬ್ಬರನ್ನೂ ಇಟ್ಟಿದ್ದರು. ನಿರ್ದೇಶಕಿಯೊಳಗೆ ಆ ಹಳೆಯ ಬಾಲನಟಿ ಇದ್ದಾಳೆ ಎಂದು ನನಗೆ ಖಚಿತವಾಗುವುದು ಇಲ್ಲಿ.

ಹತ್ತು ತಾಸು ನಮಗೂ ಸಾಕಾಗುತ್ತದೆ. ಹಂಚಿನ ಮನೆಯ ಪಡಸಾಲೆಯಾದರೆ, ಬೆಳಿಗ್ಗೆ 8ಕ್ಕೆ ಬರೀ ನಟರು, ನಿರ್ದೇಶಕ, ಕ್ಯಾಮೆರಾದವನು. ಒಂದು ತಾಸು ನಡೆದಾಟ ಗೊತ್ತುಮಾಡಿ ನೆಲಕ್ಕೆ ಟೇಪು ಅಂಟಿಸಿ. ಬೆಳಕಿಂಡಿಯ ಬಿಸಿಲು ಜರುಗುತ್ತಲೇ ಇರುವುದರಿಂದ ಅದು ಬೀಳುವ ಕಡೆಯ ಅಗಲದ ಶಾಟುಗಳು ಮೊದಲು. ಬಿಸಿಲು ಜರುಗಿದ ಮೇಲೆ, ಬೆಳಕಿಂಡಿಗೆ ಬಟ್ಟೆ ಹಾಕಿ, ಲೈಟು ಇಟ್ಟು ಕ್ಲೋಸಪ್ಪು. ಅಳುವ ದೃಶ್ಯವನ್ನು ಊಟಕ್ಕೆ ಮೊದಲೇ ಮುಗಿಸಿ. ಅದರಲ್ಲೂ ಅಳುವವರ ಕ್ಲೋಸಪ್ ಮೊದಲು, ಕೇಳಿಸಿಕೊಳ್ಳುವವರದು ಆಮೇಲೆ, ಇಲ್ಲವಾದರೆ ಕಣ್ಣೀರು ಕ್ಯಾಮೆರಾ ಇಲ್ಲದ ಕಡೆಯೇ ಮುಗಿದಿರುತ್ತದೆ. ಒಂದು ತಾಸು ಊಟ. ಸಂಜೆ ಐದೂವರೆಗೆ ಕ್ಯಾಮೆರಾ ನಿಲ್ಲಿಸಿ ಎಲ್ಲರನ್ನೂ ಕೂತಲ್ಲೇ ಸುಮ್ಮನಿರಿಸಿ, ಮಾತಿಲ್ಲದ ಕೋಣೆಯ ಸದ್ದನ್ನು ಒಂದು ನಿಮಿಷ ರೆಕಾರ್ಡ್ ಮಾಡಿಕೊಳ್ಳಿ. ಡೈಲಾಗಿನ ನಡುವೆ ಚಿಗರಿ ಬಸ್ಸಿನ ಹಾರ್ನ್ ಕತ್ತರಿಸಿ ತೆಗೆದಾಗ ಉಳಿಯುವ ತೂತನ್ನು ಮುಚ್ಚಲು ಆ ಒಂದು ನಿಮಿಷವೇ ಬೇಕು. ಆರಕ್ಕೆ ಎಲ್ಲರೂ ಮನೆಗೆ.