‘ಅವರೇ ಮಾತಾಡ್ಕೊಳ್ತಾರಲ್ವಾ, ನಿಮಗೇನು ಕೆಲಸ?’

ಇಲ್ಲ, ಸ್ಟೇಜ್ ಮೇಲಿನ ಕಲಾವಿದರು ಅವರೇ ಮಾತಾಡಿಕೊಳ್ಳುವುದಿಲ್ಲ. ಶನಿವಾರ, ಭಾನುವಾರ ರಾತ್ರಿ ಟಿವಿಯಲ್ಲಿ ನೀವು ನೋಡಿ ನಗುವ ಕಾಮಿಡಿ ಸ್ಕಿಟ್‌ಗಳನ್ನು ಯಾರೋ ಕೂತು ಬರೆದಿರುತ್ತಾರೆ. ಅಂಥವರಲ್ಲಿ ನಾನೂ ಒಬ್ಬ. ಇದನ್ನು ಬಾಯಲ್ಲಿ ಹೇಳಿ ಹೇಳಿ ಸಾಕಾಗಿದೆ.

ತಿಪಟೂರಿನ ಒಂದು ಮದುವೆಯಲ್ಲಿ ಊಟಕ್ಕೆ ಕೂತಿದ್ದೆ. ಎಲೆಗೆ ಇನ್ನೂ ಉಪ್ಪು ಬಿದ್ದಿರಲಿಲ್ಲ, ಪಕ್ಕದಲ್ಲಿದ್ದ ನೆಂಟರೊಬ್ಬರು ಶುರು ಮಾಡಿದರು. ‘ಏನಪ್ಪಾ, ಆ ಹುಡುಗರು ಸ್ಟೇಜ್ ಮೇಲೆ ಬಾಯಿಗೆ ಬಂದದ್ದು ಮಾತಾಡ್ತಾರೆ. ಅದರಲ್ಲಿ ನೀನು ಬರೆಯೋದೇನಿರುತ್ತೆ?’ ಅವರ ಮಗ ಆಚೆ ಪಕ್ಕದಲ್ಲಿ ಫೋನ್ ಹಿಡಿದು ನಾನು ಬರೆದ ಸ್ಕಿಟ್ಟನ್ನೇ ಎಲ್ಲರಿಗೂ ತೋರಿಸುತ್ತಿದ್ದ. ನನ್ನ ಮಾತನ್ನು ನನಗೇ ಹೇಳಿ, ‘ಹೆಂಗ್ ಹೊಡ್ದ ನೋಡಿ!’ ಅಂದ. ನನಗೆ ಖುಷಿಯೂ ಆಯಿತು, ಸಿಟ್ಟೂ ಬಂತು.

ಕೆಲಸ ಹೀಗಿರುತ್ತದೆ. ವಾರದ ಶುರುವಿನಲ್ಲಿ ಒಂದು ಲೈನ್ ಹೇಳಬೇಕು. ಗೃಹಪ್ರವೇಶದ ದಿನ ಪುರೋಹಿತರಿಗೂ ಕಂಟ್ರಾಕ್ಟರ್‌ಗೂ ದುಡ್ಡಿನ ಜಗಳ, ಅನ್ನೋ ಥರದ್ದು. ಡೈರೆಕ್ಟರ್ ಒಪ್ಪಿದರೆ ಎಂಟು ಹತ್ತು ನಿಮಿಷಕ್ಕೆ ಬರೆಯಬೇಕು, ನಾಲ್ಕೈದು ಜನಕ್ಕೆ ಮಾತು ಹಂಚಬೇಕು, ಯಾರಿಗೂ ಕಡಿಮೆ ಆಗಬಾರದು, ಏಕೆಂದರೆ ಅದು ಸ್ಪರ್ಧೆ, ಮಾತು ಸಿಗದವನು ಮನೆಗೆ ಹೋಗುತ್ತಾನೆ. ಮಂಡ್ಯದವನ ಬಾಯಲ್ಲಿ ಮಂಡ್ಯದ ಮಾತೇ ಬರಬೇಕು, ಹುಬ್ಬಳ್ಳಿಯವಳ ಬಾಯಲ್ಲಿ ಹುಬ್ಬಳ್ಳಿಯದ್ದು. ಪಂಚ್ ಕೊನೆಗೇ ಬೀಳಬೇಕು. ಅದಾದ ಮೇಲೆ ಒಂದು ಪದ ಉಳಿದರೂ ನಗು ಕೆಡುತ್ತದೆ. ‘ಈ ಗೋಡೆ ನನ್ನ ಮಂತ್ರದಿಂದ ನಿಂತಿದೆ’ ಅಂತ ಪುರೋಹಿತರು ಹೇಳಿದರೆ ಯಾರೂ ನಗುವುದಿಲ್ಲ. ‘ಈ ಗೋಡೆ ನಿಂತಿರೋದು ನಿನ್ನ ಸಿಮೆಂಟಿಂದ ಅಲ್ಲ ಕಣಮ್ಮಾ, ನನ್ನ ಮಂತ್ರದಿಂದ’ ಅಂದರೆ ನಗುತ್ತಾರೆ. ಇಷ್ಟು ತಿರುಗಿಸೋಕೆ ಕೆಲವೊಮ್ಮೆ ಅರ್ಧ ರಾತ್ರಿ ಹೋಗುತ್ತದೆ.

ಕಲಾವಿದರು ತಮ್ಮದನ್ನೂ ಸೇರಿಸುತ್ತಾರೆ, ಸೇರಿಸಲೇಬೇಕು. ‘ಮಜಾ ಟಾಕೀಸ್’ನಲ್ಲಿ ಅಪರ್ಣಾ ಅವರು ಮಾಡಿದ ವರಲಕ್ಷ್ಮಿ ನೆನಪಿದೆಯಲ್ವಾ? ಅಚ್ಚುಕಟ್ಟು ಕನ್ನಡದ ನಿರೂಪಕಿ, ನಮ್ಮ ಮೆಟ್ರೋದ ದನಿ, ‘ವರು’ ಆಗಿ ಬಂದರೆ ಜನ ಹೊಟ್ಟೆ ಹಿಡಿದು ನಗುತ್ತಿದ್ದರು. 2024ರಲ್ಲಿ ಅವರು ತೀರಿಕೊಂಡಾಗ ಎಷ್ಟೋ ಜನ ನೆನೆದದ್ದು ಆ ವರುವನ್ನೇ. ಅಂಥ ಟೈಮಿಂಗ್ ಬರೆದು ಬರುವುದಲ್ಲ, ಒಪ್ಪುತ್ತೇನೆ. ಆದರೆ ಟೈಮಿಂಗ್ ತೋರಿಸೋಕೆ ಕೈಯಲ್ಲಿ ಮಾತು ಇರಬೇಕಲ್ಲ.

ಇನ್ನು ದುಡ್ಡು. ನನಗೆ ಎಪಿಸೋಡ್ ಲೆಕ್ಕದಲ್ಲಿ ಬರುತ್ತದೆ, ಸೀಸನ್ ಮುಗಿದರೆ ಅದೂ ನಿಲ್ಲುತ್ತದೆ. ಅದೇ ಸ್ಕಿಟ್ ಯೂಟ್ಯೂಬಿನಲ್ಲಿ ವರ್ಷಗಟ್ಟಲೆ ಓಡುತ್ತದೆ. ಬರೆದವರ ರಾಯಲ್ಟಿ ಹಕ್ಕನ್ನು, ಅಂದರೆ ಬರೆದದ್ದು ಮತ್ತೆ ಮತ್ತೆ ಓಡಿದಾಗ ಅದರಲ್ಲಿ ಪಾಲು ಪಡೆಯುವ ಹಕ್ಕನ್ನು, ಗಟ್ಟಿ ಮಾಡಲು 2012ರಲ್ಲೇ ಕಾಪಿರೈಟ್ ಕಾಯಿದೆಗೆ ತಿದ್ದುಪಡಿ ಆಗಿದೆ. ನನಗಂತೂ ಇನ್ನೂ ಒಂದು ರೂಪಾಯಿ ರಾಯಲ್ಟಿ ಬಂದಿಲ್ಲ.

ನೀವು ಕೇಳಬೇಕಾದ ಪ್ರಶ್ನೆ ಬೇರೆ ಇದೆ. ಯಾರನ್ನು ನೋಡಿ ನಗಿಸಬೇಕು ಅಂತ ಹೇಗೆ ತೀರ್ಮಾನ ಮಾಡ್ತೀರಿ? ಇದನ್ನು ಯಾಕೆ ಯಾರೂ ಕೇಳುವುದಿಲ್ಲ? ಗಂಡಸಿಗೆ ಸೀರೆ ಉಡಿಸು, ದಪ್ಪಗಿರುವವಳನ್ನು ಆಡಿಕೋ, ಕಪ್ಪಗಿರುವವನಿಗೆ ‘ಲೈಟ್ ಹಾಕ್ರೋ’ ಅನ್ನು, ನಗು ಬಂದೇ ಬರುತ್ತದೆ. ಆ ಮಾತು ಕೇಳಿದ ಮಕ್ಕಳು ಸೋಮವಾರ ಸ್ಕೂಲಿನಲ್ಲಿ ಅದನ್ನೇ ಪಕ್ಕದ ಮಗುವಿಗೆ ಅನ್ನುತ್ತಾರೆ. ನಾನು ಬರೆಯುವುದಿಲ್ಲ. ಇದಕ್ಕೆ ಮೀಟಿಂಗ್‌ನಲ್ಲಿ ಜಗಳ ಆಗಿದೆ, ಸ್ಕಿಟ್ ಕೈ ತಪ್ಪಿದೆ.

ಆ ಗೃಹಪ್ರವೇಶದ ಸ್ಕಿಟ್ಟಿಗೂ ಜಗಳ ಆಯಿತು. ಸ್ವಲ್ಪ ದಪ್ಪಗಿರುವ ಕಲಾವಿದೆಯೊಬ್ಬಳು ಹೊಸ್ತಿಲು ದಾಟಿದರೆ ಟೈಲ್ಸ್ ಒಡೆಯುತ್ತೆ ಅನ್ನೋ ಜೋಕ್ ಬೇಕು ಅಂದರು. ಆಗಲ್ಲ ಅಂದೆ. ಅವಳನ್ನೇ ಕಂಟ್ರಾಕ್ಟರ್ ಮಾಡಿದೆ. ಮೇಸ್ತ್ರಿಗಳಿಗೆಲ್ಲ ದಬಾಯಿಸಿ, ಪುರೋಹಿತರ ದಕ್ಷಿಣೆಗೂ ಜಿಎಸ್‌ಟಿ ಬಿಲ್ ಕೇಳುವ ಹೆಂಗಸು. ಫ್ಲೋರ್‌ನಲ್ಲಿ ಕ್ಯಾಮೆರಾ ಹಿಡಿದವರೂ ನಕ್ಕರು. ಶೂಟಿಂಗ್ ಮುಗಿದ ಮೇಲೆ ಆಕೆ ಬಂದು, ‘ಅಣ್ಣಾ, ಮುಂದಿನ ವಾರವೂ ಇಂಥದ್ದೇ ಬರೀರಿ’ ಅಂದಳು.

ಇದರ ಬಗ್ಗೆ ಕೇಳಿ. ಎಷ್ಟು ಹೊತ್ತು ಬೇಕಾದರೂ ಕೂತು ಹೇಳುತ್ತೇನೆ.